ಕಡಲೆ ಬೀಜಕ್ಕೊಂದು ಹೆಪ್ಪು: ಮಣ್ಣಿನ ಬ್ಯಾಕ್ಟೀರಿಯಾ ಮಾಡುವ ಕೆಲಸ, ಮಾಡದ ಕೆಲಸ

ಹಿಂಗಾರಿ ಬಿತ್ತನೆಯ ಹೊತ್ತಿನಲ್ಲಿ ವಿಜಯಪುರ ಜಿಲ್ಲೆಯ ರೈತ ಸಂಪರ್ಕ ಕೇಂದ್ರಗಳ ಮುಂದೆ ಕಡಲೆ ಬೀಜದ ಚೀಲ ಹೊತ್ತು ಹೊರಬರುವವರ ಕೈಯಲ್ಲಿ ಕೆಲವೊಮ್ಮೆ ಒಂದು ಸಣ್ಣ ಪೊಟ್ಟಣವೂ ಇರುತ್ತದೆ. ಒಳಗೆ ಇದ್ದಿಲಿನಂಥ ಕಪ್ಪು ಪುಡಿ, ಮೇಲೆ ರೈಜೋಬಿಯಂ ಎಂದೋ ಪಿ.ಎಸ್.ಬಿ. ಎಂದೋ ಅಚ್ಚಾದ ಹೆಸರು. ಇದು ಗೊಬ್ಬರವೋ ಎಣ್ಣೆಯೋ ಎಂಬ ಪ್ರಶ್ನೆ ಅಲ್ಲಿಯೇ ಹುಟ್ಟುತ್ತದೆ. ಕೀಟನಾಶಕಕ್ಕೆ ನಮ್ಮ ಕಡೆ ಎಣ್ಣೆ ಎಂದೇ ರೂಢಿ. ಚೀಲದಲ್ಲಿ ಬರುವುದೆಲ್ಲ ಗೊಬ್ಬರ, ಬಾಟಲಿಯಲ್ಲಿ ಬರುವುದೆಲ್ಲ ಎಣ್ಣೆ. ಈ ಪೊಟ್ಟಣ ಎರಡಕ್ಕೂ ಸೇರುವುದಿಲ್ಲವಾದ್ದರಿಂದ ಅದರ ಪಾಡು ಅತಂತ್ರ. ಒಬ್ಬರು ಅದನ್ನು ಯೂರಿಯಾದ ಜೊತೆ ಕಲಸುತ್ತಾರೆ, ಇನ್ನೊಬ್ಬರು ಬಿಸಿಲು ಬೀಳುವ ಕಿಟಕಿಯಲ್ಲಿಟ್ಟು ಮರೆಯುತ್ತಾರೆ. ಯೂರಿಯಾ, ಡಿಎಪಿಗಾಗಿ ಸರತಿಯಲ್ಲಿ ನಿಂತು ಬಂದವರು ಮಾತ್ರ ಇದರಿಂದ ಏನಾದರೂ ಉಳಿತಾಯವಾದೀತೇ ಎಂದು ತಿರುಗಿಸಿ ನೋಡುತ್ತಾರೆ.

ಮನೆಯಲ್ಲಿ ಹಾಲಿಗೆ ಹಾಕುವ ಹೆಪ್ಪನ್ನು ನೆನೆಸಿಕೊಂಡರೆ ಈ ಪೊಟ್ಟಣ ಅರ್ಥವಾಗುತ್ತದೆ. ಹೆಪ್ಪಿನ ಒಂದು ಚಮಚದಲ್ಲಿ ಹೊಟ್ಟೆ ತುಂಬುವಷ್ಟು ಏನೂ ಇಲ್ಲ. ಅದರಲ್ಲಿರುವುದು ಹಾಲನ್ನು ಮೊಸರು ಮಾಡಬಲ್ಲ ಜೀವಿಗಳು. ಕುದಿಯುವ ಹಾಲಿಗೆ ಹಾಕಿದರೆ ಸಾಯುತ್ತವೆ. ಚಳಿಗಾಲದಲ್ಲಿ ತಣ್ಣನೆಯ ಹಾಲಿಗೆ ಹಾಕಿದರೆ ಬೆಳಗಾದರೂ ಹೆಪ್ಪುಗಟ್ಟುವುದಿಲ್ಲ. ಕಪ್ಪು ಪುಡಿಯೂ ಅಂಥದ್ದೇ. ಇದ್ದಿಲು ಅಥವಾ ಲಿಗ್ನೈಟ್ ಪುಡಿ ಬರೀ ಹೊತ್ತು ತರುವ ಬುಟ್ಟಿ. ಸರಕು ಅದರೊಳಗಿನ ಬ್ಯಾಕ್ಟೀರಿಯಾ.

ಒಂದು ಚಿಟಿಕೆ ಮಣ್ಣಿನ ಜನಗಣತಿ

ಬ್ಯಾಕ್ಟೀರಿಯಾ ಎಂದರೆ ಒಂದೇ ಜೀವಕೋಶದ ಜೀವಿ. ಸಾಮಾನ್ಯವಾಗಿ ಮಿಲಿಮೀಟರಿನ ಸಾವಿರದ ಒಂದೆರಡು ಪಾಲಿನಷ್ಟು ಉದ್ದ. ಫಲವತ್ತಾದ ಒಂದು ಗ್ರಾಂ ಮಣ್ಣಿನಲ್ಲಿ 10 ಕೋಟಿಯಿಂದ 100 ಕೋಟಿಯವರೆಗೆ ಇರುತ್ತವೆ. ಚಿಟಿಕೆ ಮಣ್ಣಿನಲ್ಲಿ ಕರ್ನಾಟಕದ ಜನಸಂಖ್ಯೆಯನ್ನು ಮೀರಿಸುವ ಸಂಸಾರ.

ರೋಗ ತರುವವು ಇವುಗಳಲ್ಲಿ ಕೆಲವೇ. ದಾಳಿಂಬೆಯ ಎಲೆ, ಕಾಯಿಗಳ ಮೇಲೆ ಎಣ್ಣೆ ಸವರಿದಂಥ ಚುಕ್ಕೆ ಮೂಡಿಸಿ, ಕೊನೆಗೆ ಕಾಯಿಯನ್ನು ಸೀಳಿಸುವ ದುಂಡಾಣು ಅಂಗಮಾರಿ ರೋಗ ಬ್ಯಾಕ್ಟೀರಿಯಾದ್ದೇ. ಬಾಗಲಕೋಟೆ, ವಿಜಯಪುರದ ಬೆಳೆಗಾರರಿಗೆ ಅದರ ಹೆಸರು ಹೇಳಿದರೂ ಸಾಕು. ಆದರೆ ಮಣ್ಣಿನೊಳಗಿನ ಬಹುಪಾಲು ಬ್ಯಾಕ್ಟೀರಿಯಾಗಳಿಗೆ ನಮ್ಮ ಬೆಳೆಯ ಮೇಲೆ ಹಗೆಯೂ ಇಲ್ಲ, ವಿಶೇಷ ಪ್ರೀತಿಯೂ ಇಲ್ಲ. ಸತ್ತದ್ದನ್ನು ಕೊಳೆಯಿಸಿ ತಮ್ಮ ಹೊಟ್ಟೆ ಹೊರೆಯುತ್ತವೆ. ಮೊದಲ ಮಳೆ ಬಿದ್ದಾಗ ಎರೆಹೊಲದಿಂದ ಏಳುವ ಆ ವಾಸನೆಯಲ್ಲಿ ಮುಖ್ಯವಾದದ್ದು ಜಿಯಾಸ್ಮಿನ್ ಎಂಬ ವಸ್ತು, ಸ್ಟ್ರೆಪ್ಟೊಮೈಸಿಸ್ ಎಂಬ ಮಣ್ಣಿನ ಬ್ಯಾಕ್ಟೀರಿಯಾಗಳು ತಯಾರಿಸುವಂಥದ್ದು. ಅದೇ ಗುಂಪಿನ ಒಂದರಿಂದ 1943ರಲ್ಲಿ ಕ್ಷಯರೋಗದ ಮದ್ದು ಸ್ಟ್ರೆಪ್ಟೊಮೈಸಿನ್ ದೊರೆಯಿತು.

ಕಡಲೆ ಬೇರಿನ ಗುಲಾಬಿ ಗಂಟು

ಬೆಳೆಗೆ ಹೆಚ್ಚಾಗಿ ಬೇಕಾದ ಪೋಷಕಾಂಶ ಸಾರಜನಕ. ಗಾಳಿಯ ನೂರು ಪಾಲಿನಲ್ಲಿ 78 ಪಾಲು ಅದೇ. ಆದರೂ ಬೆಳೆ ಅದಕ್ಕಾಗಿ ಬಾಯಿ ಬಿಡುತ್ತದೆ. ಆಲಮಟ್ಟಿ ಹಿನ್ನೀರು ಕಣ್ಣೆದುರಿಗಿದ್ದೂ ಟ್ಯಾಂಕರಿಗೆ ಕಾಯುವ ಊರಿನ ಪಾಡು. ಕಾರಣವಿಷ್ಟೇ: ಗಾಳಿಯಲ್ಲಿರುವ ಸಾರಜನಕದ ಪರಮಾಣುಗಳು ಎರಡೆರಡಾಗಿ, ಮೂರು ಗಂಟು ಹಾಕಿಕೊಂಡು ಕೂತಿರುತ್ತವೆ. ಆ ಗಂಟು ಬಿಚ್ಚದೆ ಬೇರು ಅದನ್ನು ಹೀರಲಾರದು. ಯೂರಿಯಾಕ್ಕೆ ಬೇಕಾದ ಅಮೋನಿಯಾ ತಯಾರಿಸುವ ಕಾರ್ಖಾನೆ ಇದನ್ನು ಬಿಚ್ಚಲು 400ರಿಂದ 500 ಡಿಗ್ರಿ ಶಾಖ ಕೊಡುತ್ತದೆ, ವಾತಾವರಣದ ಒತ್ತಡದ ಸುಮಾರು 200 ಪಟ್ಟು ಒತ್ತಡ ಹೇರುತ್ತದೆ. ಕಡಲೆಯ ಬೇರಿಗಂಟಿದ ಬ್ಯಾಕ್ಟೀರಿಯಾ ಇದೇ ಕೆಲಸವನ್ನು ಮಣ್ಣಿನ ತಂಪಿನಲ್ಲಿ, ಸದ್ದಿಲ್ಲದೆ ಮಾಡುತ್ತದೆ.

ಇದು ನಡೆಯುವ ಬಗೆ ಸ್ವಾರಸ್ಯದ್ದು. ಮೊಳೆತ ಕಡಲೆಯ ಬೇರು ಒಂದು ಬಗೆಯ ರಾಸಾಯನಿಕವನ್ನು ಮಣ್ಣಿಗೆ ಬಿಡುತ್ತದೆ, ಬಾಗಿಲಲ್ಲಿ ನಿಂತು ಕರೆದಂತೆ. ಗುರುತು ಸಿಕ್ಕ ರೈಜೋಬಿಯಂ ತನ್ನದೊಂದು ರಾಸಾಯನಿಕದ ಮೂಲಕ ಓಗೊಡುತ್ತದೆ. ಬೇರಿನ ರೋಮ ಸುರುಳಿಯಾಗಿ ಅದನ್ನು ಒಳಗೆ ಬಿಟ್ಟುಕೊಳ್ಳುತ್ತದೆ, ಅಲ್ಲೊಂದು ಗಂಟು ಬೆಳೆಯುತ್ತದೆ. ಒಳಗಿರುವ ಬ್ಯಾಕ್ಟೀರಿಯಾಗಳಿಗೆ ಗಿಡ ಸಕ್ಕರೆ ಕೊಡುತ್ತದೆ, ಅವು ಸಾರಜನಕ ಕೊಡುತ್ತವೆ. ಪುಕ್ಕಟೆ ಏನೂ ಇಲ್ಲ, ಲಾವಣಿ ಹೊಲದ ಹಾಗೆ ಕೊಡು-ಕೊಳ್ಳುವ ಲೆಕ್ಕ ಚೊಕ್ಕ.

ಈ ಒಪ್ಪಂದಕ್ಕೆ ಒಂದು ತೊಡಕಿದೆ. ಸಾರಜನಕದ ಗಂಟು ಬಿಚ್ಚುವ ಕಿಣ್ವಕ್ಕೆ ಆಮ್ಲಜನಕ ತಾಗಿದರೆ ಅದು ಕೆಡುತ್ತದೆ. ಬ್ಯಾಕ್ಟೀರಿಯಾ ಉಸಿರಾಡಲು ಮಾತ್ರ ಆಮ್ಲಜನಕವೇ ಬೇಕು. ಗಿಡ ಇದಕ್ಕೆ ಕಂಡುಕೊಂಡ ಉಪಾಯ ನಮ್ಮ ರಕ್ತದಲ್ಲಿರುವ ಹಿಮೊಗ್ಲೋಬಿನ್ನಿನ ದಾಯಾದಿಯಂಥ ವಸ್ತು, ಲೆಗ್‌ಹಿಮೊಗ್ಲೋಬಿನ್. ಅದು ಆಮ್ಲಜನಕವನ್ನು ಹಿಡಿದಿಟ್ಟು, ಪಡಿಯಳೆದಂತೆ ಸ್ವಲ್ಪ ಸ್ವಲ್ಪವೇ ಕೊಡುತ್ತದೆ. ಅದರ ಬಣ್ಣ ಕೆಂಪು. ಹೀಗಾಗಿ ಬಿತ್ತಿ 40-45 ದಿನವಾದ ಕಡಲೆ ಗಿಡವನ್ನು ಕಿತ್ತೆಳೆಯದೆ ಸಲಿಕೆಯಿಂದ ಮಣ್ಣುಸಮೇತ ಎತ್ತಿ, ಬಕೆಟ್ ನೀರಿನಲ್ಲಿ ಬೇರು ತೊಳೆದು, ಗಂಟನ್ನು ಉಗುರಿನಿಂದ ಸೀಳಿದರೆ ಉತ್ತರ ಸಿಗುತ್ತದೆ. ಒಳಗೆ ಗುಲಾಬಿ ಬಣ್ಣವಿದ್ದರೆ ಕೆಲಸ ನಡೆದಿದೆ. ಆ ವಯಸ್ಸಿಗೇ ಬಿಳಿಯಾಗಿದ್ದರೆ ಬ್ಯಾಕ್ಟೀರಿಯಾ ಒಳಗೆ ಕೂತಿದೆ, ದುಡಿಯುತ್ತಿಲ್ಲ.

ಇಲ್ಲೊಂದು ಎಚ್ಚರ. ಬೇರಿನಲ್ಲಿ ಗಂಟು ಕಂಡದ್ದೆಲ್ಲ ಒಳ್ಳೆಯದಲ್ಲ. ದಾಳಿಂಬೆ, ಬದನೆ, ಟೊಮೆಟೊ ಬೇರುಗಳಲ್ಲಿ ಜಂತುಹುಳುಗಳು ಕಟ್ಟುವ ಗಂಟು ಬೆಳೆಯನ್ನು ಕುಗ್ಗಿಸುವಂಥದ್ದು. ಗುರುತಿಸುವುದು ಸುಲಭ. ರೈಜೋಬಿಯಂ ಗಂಟು ಬೇರಿನ ಪಕ್ಕಕ್ಕೆ ಮಣಿಯಂತೆ ಅಂಟಿಕೊಂಡಿರುತ್ತದೆ, ಬೆರಳಿನಿಂದ ಉದುರಿಸಬಹುದು. ಜಂತುವಿನ ಗಂಟು ಬೇರೇ ಊದಿಕೊಂಡದ್ದು; ಅದನ್ನು ಕಿತ್ತರೆ ಬೇರೇ ಹರಿಯುತ್ತದೆ.

ದ್ವಿದಳ ಧಾನ್ಯದ ಬೇರಿನ ಗಂಟಿಗೂ ಗಾಳಿಯ ಸಾರಜನಕಕ್ಕೂ ಇರುವ ನಂಟನ್ನು 1886ರಲ್ಲಿ ಜರ್ಮನಿಯ ಹೆಲ್‌ರೀಗಲ್ ಮತ್ತು ವಿಲ್‌ಫಾರ್ತ್ ತೋರಿಸಿದರು. ಎರಡು ವರ್ಷದ ನಂತರ ಡಚ್ ವಿಜ್ಞಾನಿ ಬೈಜೆರಿಂಕ್ ಗಂಟಿನೊಳಗಿನ ಬ್ಯಾಕ್ಟೀರಿಯಾವನ್ನು ಬೇರ್ಪಡಿಸಿ ಬೆಳೆಸಿದ. ಎರೆನಾಡಿನ ರೈತರು ಇದಾವುದೂ ಗೊತ್ತಿಲ್ಲದೆಯೇ ಜೋಳದ ನಡುವೆ ತೊಗರಿಯ ಅಕ್ಕಡಿ ಸಾಲು ಹಾಕುತ್ತಿದ್ದರು, ಜೋಳ ಬೆಳೆದ ಹೊಲದಲ್ಲಿ ಮರುವರ್ಷ ಕಡಲೆ ಬಿತ್ತುತ್ತಿದ್ದರು.

ಹಾಗಾದರೆ ಪೊಟ್ಟಣ ಏಕೆ ಬೇಕು? ಎಲ್ಲರಿಗೂ ಒಂದೇ ಸಮ ಬೇಕಾಗುವುದಿಲ್ಲ ಎಂಬುದೇ ಪ್ರಾಮಾಣಿಕ ಉತ್ತರ. ವರ್ಷಗಟ್ಟಲೆ ಕಡಲೆ ಬೆಳೆದ ಹೊಲದಲ್ಲಿ ಅದರ ರೈಜೋಬಿಯಂ ಮೊದಲೇ ನೆಲೆಸಿರುತ್ತದೆ. ಹೊಸ ಪೊಟ್ಟಣದಿಂದ ಕಣ್ಣಿಗೆ ಕಾಣುವ ವ್ಯತ್ಯಾಸ ಬಾರದೆಯೂ ಇರಬಹುದು. ಹೊಸ ಬೆಳೆ ಕಾಲಿಟ್ಟ ನೆಲದ ಮಾತು ಬೇರೆ. ಬೆಳಗಾವಿ ಜಿಲ್ಲೆಯಲ್ಲಿ ಈಗ ಮುಂಗಾರಿಗೆ ಎಲ್ಲೆಲ್ಲೂ ಕಾಣುವ ಸೋಯಾ ಅವರೆ ನಮ್ಮ ಮಣ್ಣಿಗೆ ಹೊರಗಿನದು. ಅದನ್ನು ಮೊದಲ ಸಲ ಬಿತ್ತುವ ಹೊಲದಲ್ಲಿ ಅದಕ್ಕೆ ಸರಿಹೊಂದುವ ಬ್ಯಾಕ್ಟೀರಿಯಾ ಸಾಕಷ್ಟು ಇರುವುದಿಲ್ಲ, ಆಗ ಹೆಪ್ಪು ಬೇಕೇ ಬೇಕು. ಕಡಲೆಯ ರೈಜೋಬಿಯಂ ಸೋಯಾಕ್ಕೆ ಆಗದು, ಸೋಯಾದ್ದು ಕಡಲೆಗೆ ಆಗದು. ದೋಸೆ ಹಿಟ್ಟಿನ ಹುಳಿ ಹಾಕಿ ಗಟ್ಟಿ ಮೊಸರು ಬಯಸಿದಂತೆ. ಪೊಟ್ಟಣದ ಮೇಲೆ ಬೆಳೆಯ ಹೆಸರು ಬರೆದಿರುವುದು ಇದಕ್ಕಾಗಿಯೇ.

ಇನ್ನೊಂದು ಸಂಗತಿ ಯೂರಿಯಾದ್ದು. ಮಣ್ಣಿನಲ್ಲಿ ಸಾರಜನಕ ಧಾರಾಳವಾಗಿದ್ದರೆ ಗಿಡ ಗಂಟು ಕಟ್ಟುವ ಗೋಜಿಗೇ ಹೋಗುವುದಿಲ್ಲ. ಮನೆಯಲ್ಲಿ ಊಟ ಸಿದ್ಧವಿರುವಾಗ ಖಾನಾವಳಿಗೆ ಸಕ್ಕರೆ ತೆರುವುದೇಕೆ? ರೈಜೋಬಿಯಂ ಹಚ್ಚಿದ ಬೀಜ ಬಿತ್ತಿ, ಮೇಲೆ ಚೀಲಗಟ್ಟಲೆ ಯೂರಿಯಾ ಎರಚಿದರೆ ಎರಡರ ಹಣವೂ ಹೋದಂತೆ.

ಜೋಳ, ಕಬ್ಬು ಮತ್ತು ನೆಲದಲ್ಲಿ ಹೂತ ಠೇವಣಿ

ಜೋಳ, ಗೋಧಿ, ಕಬ್ಬು ಗಂಟು ಕಟ್ಟುವುದಿಲ್ಲ. ಅವುಗಳ ಬೇರಿನ ಸುತ್ತ ಬದುಕುವ ಅಜೋಸ್ಪಿರಿಲಂ ಸ್ವಲ್ಪ ಸಾರಜನಕ ಒದಗಿಸುವುದರ ಜೊತೆಗೆ ಬೇರು ಹೆಚ್ಚು ಕವಲೊಡೆಯುವಂತೆ ಮಾಡುವ ಚೋದಕ ಬಿಡುತ್ತದೆ. ಕಬ್ಬಿನ ಒಡಲೊಳಗೇ ವಾಸಿಸಿ ಸಾರಜನಕ ಹಿಡಿಯುವ ಬ್ಯಾಕ್ಟೀರಿಯಾವನ್ನು 1988ರಲ್ಲಿ ಬ್ರೆಜಿಲಿನ ವಿಜ್ಞಾನಿಗಳು ವರದಿ ಮಾಡಿದರು. ಗ್ಲುಕೊನಾಸಿಟೊಬ್ಯಾಕ್ಟರ್ ಎಂಬ ಬಾಯಿ ತುಂಬುವ ಹೆಸರಿನ ಅದು ಮುಧೋಳ, ಗೋಕಾಕ, ಅಥಣಿಯ ಕಬ್ಬಿನ ರೈತರಿಗೂ ಈಗ ಹೊಸದಲ್ಲ. ಆದರೆ ಇವು ಕಡಲೆಯ ಗಂಟಿನಷ್ಟು ಕೊಡುವುದಿಲ್ಲ. ಮೇಲೋಗರವೆಂದು ತಿಳಿಯಬೇಕು, ಊಟವೆಂದಲ್ಲ.

ಪಿ.ಎಸ್.ಬಿ. ಎಂದರೆ ರಂಜಕ ಕರಗಿಸುವ ಬ್ಯಾಕ್ಟೀರಿಯಾ. ನಮ್ಮ ಎರೆಮಣ್ಣಿನಲ್ಲಿ ಸುಣ್ಣದ ಅಂಶ ಹೆಚ್ಚು. ಡಿಎಪಿಯಲ್ಲಿ ಹಾಕಿದ ರಂಜಕದ ದೊಡ್ಡ ಪಾಲು ಆ ಸುಣ್ಣದ ಜೊತೆ ಸೇರಿ ಗಟ್ಟಿಯಾಗಿ ಕುಳಿತುಬಿಡುತ್ತದೆ. ಠೇವಣಿ ಇದೆ, ಕೈಗೆ ಬರುವುದಿಲ್ಲ. ಈ ಬ್ಯಾಕ್ಟೀರಿಯಾಗಳು ಬಿಡುವ ಹುಳಿ ಪದಾರ್ಥ ಅದರಲ್ಲಿ ಸ್ವಲ್ಪವನ್ನು ಕರಗಿಸುತ್ತದೆ. ಸುಣ್ಣ ಹೆಚ್ಚಿದ್ದಷ್ಟೂ ಹುಳಿಯ ಶಕ್ತಿ ಉಡುಗುತ್ತದೆ ಎಂಬುದೂ ನಿಜ. ಇರುವ ರಂಜಕವನ್ನು ಬಿಡಿಸಬಲ್ಲವೇ ಹೊರತು ಇಲ್ಲದ್ದನ್ನು ಹುಟ್ಟಿಸಲಾರವು.

ಬಿ.ಟಿ. ಎಂಬುದು ಹತ್ತಿಯ ಹೆಸರಲ್ಲ

ಬಿ.ಟಿ. ಎಂಬ ಎರಡಕ್ಷರ ಕೇಳದ ಹತ್ತಿ ಬೆಳೆಗಾರರಿಲ್ಲ. ಅದು ಒಂದು ಮಣ್ಣಿನ ಬ್ಯಾಕ್ಟೀರಿಯಾದ ಹೆಸರಿನ ಮೊದಲಕ್ಷರಗಳು ಎಂಬುದು ಮಾತ್ರ ಅಷ್ಟಾಗಿ ಗೊತ್ತಿಲ್ಲ. ಪೂರ್ತಿ ಹೆಸರು ಬ್ಯಾಸಿಲಸ್ ತುರಿಂಜಿಯೆನ್ಸಿಸ್. 1901ರಲ್ಲಿ ಜಪಾನಿನ ಇಶಿವಾಟ ಶಿಗೆಟಾನೆ ರೇಷ್ಮೆ ಹುಳುಗಳು ಇದ್ದಕ್ಕಿದ್ದಂತೆ ಸಾಯುತ್ತಿದ್ದುದರ ಕಾರಣ ಹುಡುಕುತ್ತ ಇದನ್ನು ಕಂಡ. ಅವನ ಪಾಲಿಗೆ ಇದು ಪೀಡೆ. ಹತ್ತು ವರ್ಷದ ನಂತರ ಜರ್ಮನಿಯ ಅರ್ನ್ಸ್ಟ್ ಬರ್ಲಿನರ್‌ಗೆ ಹಿಟ್ಟು ತಿನ್ನುವ ಪತಂಗದ ಮರಿಹುಳುವಿನಲ್ಲಿ ಇದು ಸಿಕ್ಕಿತು. ತುರಿಂಜಿಯಾ ಪ್ರಾಂತ್ಯದ್ದಾದ್ದರಿಂದ ಆ ಹೆಸರು. ಹಿಟ್ಟಿನ ಹುಳುವನ್ನು ಕೊಲ್ಲುವುದಾದರೆ ಹೊಲದ ಹುಳುವನ್ನೇಕೆ ಕೊಲ್ಲಬಾರದು? 1938ರಲ್ಲಿ ಫ್ರಾನ್ಸಿನಲ್ಲಿ ಇದರ ಮೊದಲ ಕೀಟನಾಶಕ ಮಾರಾಟಕ್ಕೆ ಬಂತು.

ಆಹಾರ ಮುಗಿದಾಗ ಈ ಬ್ಯಾಕ್ಟೀರಿಯಾ ಗಟ್ಟಿ ಚಿಪ್ಪಿನ ಬೀಜಾಣುವಾಗಿ ಕುಂಭಕರ್ಣನ ನಿದ್ದೆಗೆ ಜಾರುತ್ತದೆ. ಆಗ ಪಕ್ಕದಲ್ಲೇ ಒಂದು ಪ್ರೋಟೀನ್ ಹರಳನ್ನೂ ಕಟ್ಟುತ್ತದೆ. ಎಲೆಯ ಜೊತೆ ಈ ಹರಳು ಮರಿಹುಳುವಿನ ಹೊಟ್ಟೆ ಸೇರುತ್ತದೆ. ನಮ್ಮ ಜಠರ ಹುಣಸೆ ನೀರಿನಂತೆ ಹುಳಿ. ಮರಿಹುಳುವಿನ ಕರುಳು ಸುಣ್ಣದ ತಿಳಿಯಂತೆ ಕ್ಷಾರ. ಹರಳು ಕರಗುವುದು ಈ ಕ್ಷಾರದಲ್ಲಿ. ಕರಗಿ ಹೊರಬಂದ ಪ್ರೋಟೀನ್ ಕರುಳಿನ ಗೋಡೆಯ ಮೇಲೆ ತನಗೆ ಹೊಂದುವ ಗುರುತು ಹುಡುಕಿ ಅಂಟಿಕೊಂಡು ತೂತು ಕೊರೆಯುತ್ತದೆ. ಮನುಷ್ಯರ, ದನಕರುಗಳ ಕರುಳಿನಲ್ಲಿ ಆ ಗುರುತೂ ಇಲ್ಲ. ಕೆಲವೇ ಗಂಟೆಗಳಲ್ಲಿ ಹುಳು ತಿನ್ನುವುದನ್ನು ನಿಲ್ಲಿಸುತ್ತದೆ. ಸಾಯಲು ಎರಡು ಮೂರು ದಿನ ಬೇಕು.

ಎಣ್ಣೆ ಹೊಡೆದು ರೂಢಿಯಾದವರಿಗೆ ಈ ಎರಡು ದಿನ ಸಹನೆಯ ಪರೀಕ್ಷೆ. ಬೆಳಿಗ್ಗೆ ಸಿಂಪಡಿಸಿ ಸಂಜೆ ಹೋಗಿ ನೋಡಿದರೆ ಹುಳು ಇನ್ನೂ ಜೀವಂತ. ಔಷಧ ನಕಲಿ ಎಂಬ ತೀರ್ಮಾನ ಅಲ್ಲೇ ಆಗಿಬಿಡುತ್ತದೆ. ಹುಳು ತಿನ್ನುತ್ತಿದೆಯೇ ಎಂದು ನೋಡಬೇಕು, ಅಲುಗುತ್ತಿದೆಯೇ ಎಂದಲ್ಲ. ಬೆಳಿಗ್ಗೆ ಸಿಂಪಡಿಸಿದ್ದೂ ತಪ್ಪೇ. ಬಿಸಿಲಿನ ನೇರಳಾತೀತ ಕಿರಣ ಈ ಹರಳನ್ನು ಬೇಗ ಹಾಳುಮಾಡುತ್ತದೆ, ವಿಜಯಪುರದ ಬಿಸಿಲಿನ ಬಗ್ಗೆ ಹೇಳುವುದೇ ಬೇಡ. ಸಂಜೆಯ ಹೊತ್ತು ಸಿಂಪಡಿಸಿದರೆ ಒಂದು ರಾತ್ರಿಯಾದರೂ ಸಿಗುತ್ತದೆ. ತತ್ತಿಯೊಡೆದ ಹೊಸ ಮರಿಗಳ ಮೇಲೆ ಪರಿಣಾಮ ಹೆಚ್ಚು. ಕಾಯಿಯೊಳಗೆ ಹೊಕ್ಕು ಕೂತ ದಪ್ಪ ಹುಳುವಿನ ಬಾಯಿಗೆ ಅದು ಬೀಳುವುದೇ ಇಲ್ಲ. ರಸ ಹೀರುವ ಹೇನು, ನುಸಿಗಳು ಎಲೆಯನ್ನು ಅಗಿಯುವುದಿಲ್ಲವಾದ್ದರಿಂದ ಅವುಗಳಿಗೆ ಏನೂ ಆಗದು. ಹಿಪ್ಪುನೇರಳೆ ತೋಟದ ಹತ್ತಿರವಂತೂ ಸಿಂಪಡಿಸಲೇಬಾರದು. ರೇಷ್ಮೆ ಹುಳುವೂ ಮರಿಹುಳುವೇ, ಇಶಿವಾಟನ ಕಥೆ ಮರುಕಳಿಸುತ್ತದೆ.

ಕಡಲೆಯಲ್ಲಿ ಮತ್ತೂ ಒಂದು ವಿಚಿತ್ರವಿದೆ. ಕಡಲೆ ಗಿಡದ ಮೇಲೆ ಬೆಳಗಿನ ಜಾವ ಹುಳಿ ಇರುತ್ತದೆ. ಹೊಲದಲ್ಲಿ ನಡೆದರೆ ಕಾಲು ತುರಿಸುತ್ತದೆ, ಸುಲಗಾಯಿ ಕಿತ್ತ ಬೆರಳು ನೆಕ್ಕಿದರೆ ನಾಲಿಗೆಗೆ ತಿಳಿಯುತ್ತದೆ. ಮ್ಯಾಲಿಕ್, ಆಕ್ಸಾಲಿಕ್ ಆಮ್ಲಗಳು ಅವು. ಹುಳುವಿನ ವಿರುದ್ಧ ಗಿಡ ತಾನೇ ಹೂಡಿದ ಕಾವಲು ಅದು. ಆದರೆ ಬಿ.ಟಿ.ಗೆ ಬೇಕಾದದ್ದು ಸುಣ್ಣ, ಸಿಗುವುದು ಹುಣಸೆ. ಈ ಹುಳಿಯಿಂದ ಬಿ.ಟಿ.ಯ ಪರಿಣಾಮ ಸ್ವಲ್ಪ ತಗ್ಗುವುದನ್ನು ಸಂಶೋಧಕರು ಗುರುತಿಸಿದ್ದಾರೆ. ಎರಡು ಕಾವಲುಗಾರರು ಒಬ್ಬರಿಗೊಬ್ಬರು ಅಡ್ಡ ಬಂದಂತೆ.

ಇನ್ನು ಬಿ.ಟಿ. ಹತ್ತಿ. ಅದರಲ್ಲಿ ಬ್ಯಾಕ್ಟೀರಿಯಾ ಇಲ್ಲ. ಹರಳಿನ ಪ್ರೋಟೀನ್ ತಯಾರಿಸುವ ವಂಶವಾಹಿಯನ್ನು ಮಾತ್ರ ಹತ್ತಿ ಗಿಡಕ್ಕೆ ಸೇರಿಸಲಾಗಿದೆ. ಭಾರತದಲ್ಲಿ ಇದಕ್ಕೆ 2002ರಲ್ಲಿ ಅನುಮತಿ ಸಿಕ್ಕಿತು. ಸಿಂಪಡಿಸಿದ್ದು ನಾಲ್ಕು ದಿನಕ್ಕೆ ಅಳಿಯುತ್ತದೆ, ಗಿಡದೊಳಗಿನದು ಬೆಳೆಯುದ್ದಕ್ಕೂ ಇರುತ್ತದೆ. ಹಾಗೆ ಸದಾ ಎದುರಿಗಿದ್ದ ವಿಷಕ್ಕೆ ಗುಲಾಬಿ ಕಾಯಿಕೊರಕ ಒಗ್ಗಿಕೊಂಡಿತು. ಮೊದಲು ಗುಜರಾತಿನಲ್ಲಿ ಇದು ದೃಢಪಟ್ಟಿತು, ನಂತರ ಬೇರೆಡೆಯೂ ಹಬ್ಬಿತು.

ಸೊಳ್ಳೆಯ ಮರಿಗಳನ್ನು ಕೊಲ್ಲುವ ಬಿ.ಟಿ. ತಳಿಯೊಂದು 1976ರಲ್ಲಿ ಇಸ್ರೇಲಿನ ನೆಗೆವ್ ಮರುಭೂಮಿಯ ನೀರಿನ ಹೊಂಡದಲ್ಲಿ ಸಿಕ್ಕಿತು. ನಿಂತ ನೀರಿಗೆ, ಚರಂಡಿಗೆ ಅದನ್ನು ಹಾಕುತ್ತಾರೆ. ಹಾರುವ ಸೊಳ್ಳೆಗೆ ಅದು ಏನೂ ಮಾಡದು.

ಬೇರಿನ ರೋಗಗಳ ವಿಚಾರದಲ್ಲಿ ಕೇಳಿಬರುವ ಹೆಸರು ಸೂಡೊಮೊನಾಸ್. ಮಣ್ಣಿನಲ್ಲಿರುವ ಕಬ್ಬಿಣದ ಅಂಶವನ್ನು ತಾನೇ ಕಬಳಿಸಿ ರೋಗದ ಶಿಲೀಂಧ್ರವನ್ನು ಉಪವಾಸ ಕೆಡವುವುದು ಅದರ ವರಸೆಗಳಲ್ಲಿ ಒಂದು. ತೊಗರಿಯ ನೆಟೆ ರೋಗಕ್ಕೆ ಕೊಡುವ ಟ್ರೈಕೊಡರ್ಮಾ ಇದರ ಪಕ್ಕದಲ್ಲೇ ಮಾರಾಟಕ್ಕಿರುತ್ತದೆಯಾದರೂ ಅದು ಬ್ಯಾಕ್ಟೀರಿಯಾವಲ್ಲ, ಒಳ್ಳೆಯ ಬೂಷ್ಟು.

ರವದಿ, ಕಾಕಂಬಿ, ಕಚ್ಚಾ ತೈಲ

ಕಬ್ಬು ಕಡಿದ ಮೇಲೆ ಉಳಿಯುವ ರವದಿಗೆ ಬೆಂಕಿ ಇಡದೆ ಸಾಲಿನಲ್ಲೇ ಕೊಳೆಯಿಸಿ ಎನ್ನುತ್ತಾರೆ. ಹಾಗೆ ಬಿಟ್ಟವರು, ಕೂಳೆ ಬೆಳೆ ಹಳದಿಯಾಯಿತೆಂದು ಬೇಸರಪಡುವುದೂ ಉಂಟು. ಇದರ ಹಿಂದಿನ ಲೆಕ್ಕ ತಿಳಿದರೆ ಪರಿಸರ ಸ್ವಚ್ಛಗೊಳಿಸುವ ಬ್ಯಾಕ್ಟೀರಿಯಾಗಳ ಅರ್ಧ ಗುಟ್ಟು ತಿಳಿದಂತೆ. ರವದಿಯಲ್ಲಿ ಇಂಗಾಲ ರಾಶಿಯಷ್ಟು, ಸಾರಜನಕ ಹಿಡಿಯಷ್ಟು. ಬ್ಯಾಕ್ಟೀರಿಯಾಕ್ಕೆ ಮೈ ಬೆಳೆಸಲು ಎರಡೂ ಬೇಕು. ಇಂಗಾಲ ರವದಿಯಲ್ಲಿ ಸಿಗುತ್ತದೆ, ಸಾರಜನಕವನ್ನು ಮಣ್ಣಿನಿಂದ ಕಿತ್ತುಕೊಳ್ಳುತ್ತದೆ. ಅಷ್ಟು ದಿನ ಕಬ್ಬಿಗೆ ಬರ. ರವದಿಯ ಮೇಲೆ ಸಗಣಿ ರಾಡಿ ಅಥವಾ ಒಂದಿಷ್ಟು ಯೂರಿಯಾ ಹಾಕಬೇಕೆನ್ನುವುದು ಬ್ಯಾಕ್ಟೀರಿಯಾದ ಊಟಕ್ಕೆ ಪಲ್ಯ ಬಡಿಸಿದಂತೆ.

ಈಗ ಅಲಾಸ್ಕಾಕ್ಕೆ ಹೋಗೋಣ. 1989ರಲ್ಲಿ ಎಕ್ಸಾನ್ ವಾಲ್ಡೆಜ್ ಎಂಬ ಹಡಗು ಬಂಡೆಗೆ ತಾಗಿ ಕಚ್ಚಾ ತೈಲ ದಂಡೆಗೆ ಹರಿಯಿತು. ತೈಲ ತಿನ್ನಬಲ್ಲ ಬ್ಯಾಕ್ಟೀರಿಯಾ ಆ ದಂಡೆಯಲ್ಲಿ ಮೊದಲೇ ಇತ್ತು. ತೈಲವೂ ರವದಿಯಂತೆ ಬರೀ ಇಂಗಾಲದ ರಾಶಿ. ಹಾಗಾಗಿ ಅಲ್ಲಿ ಸುರಿದದ್ದು ಹೊಸ ಬ್ಯಾಕ್ಟೀರಿಯಾವನ್ನಲ್ಲ; ಸಾರಜನಕ, ರಂಜಕದ ಗೊಬ್ಬರವನ್ನು. ಇದ್ದ ಜೀವಿಗಳೇ ಹೆಚ್ಚಿ ತೈಲವನ್ನು ಬೇಗ ಕರಗಿಸಿದವು.

ತೈಲ ತಿನ್ನುವ ಬ್ಯಾಕ್ಟೀರಿಯಾ ಎಂದರೆ ನೆನಪಾಗುವ ಭಾರತೀಯ ಆನಂದ ಮೋಹನ ಚಕ್ರವರ್ತಿ. ಅಮೆರಿಕದಲ್ಲಿ ದುಡಿಯುತ್ತಿದ್ದ ಈ ಬಂಗಾಳಿ ವಿಜ್ಞಾನಿ ಹಲವು ಸೂಡೊಮೊನಾಸ್‌ಗಳ ಶಕ್ತಿಯನ್ನು ಒಂದರಲ್ಲೇ ಕೂಡಿಸಿದರು. ಅದಕ್ಕೆ ಪೇಟೆಂಟ್ ಕೊಡಬಹುದೆಂದು 1980ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಐದಕ್ಕೆ ನಾಲ್ಕರ ಬಹುಮತದಿಂದ ತೀರ್ಪಿತ್ತಿತು. ಜೀವಿಗೆ ಪೇಟೆಂಟ್ ಎಂಬ ದೊಡ್ಡ ಬಾಗಿಲು ತೆರೆಯಿತು. ಆ ಬ್ಯಾಕ್ಟೀರಿಯಾ ಮಾತ್ರ ಸಮುದ್ರಕ್ಕಿಳಿಯಲೇ ಇಲ್ಲ.

ನಮ್ಮ ಊರಿನ ಕೊಳೆಗೆ ಮರಳಿದರೆ, ಸಕ್ಕರೆ ಕಾರ್ಖಾನೆಯ ಕಾಕಂಬಿಯಿಂದ ಒಂದು ಲೀಟರ್ ಮದ್ಯಸಾರ ತೆಗೆಯುವಾಗ 8ರಿಂದ 15 ಲೀಟರ್ ಕಂದು ಬಣ್ಣದ ತ್ಯಾಜ್ಯ ನೀರು ಹೊರಬರುತ್ತದೆ. ಹಳ್ಳಕ್ಕೆ ಬಿಟ್ಟರೆ ನೀರಿನ ಬ್ಯಾಕ್ಟೀರಿಯಾಗಳು ಅದನ್ನು ತಿನ್ನುವ ಭರದಲ್ಲಿ ಆಮ್ಲಜನಕವನ್ನೆಲ್ಲ ಮುಗಿಸುತ್ತವೆ, ಮೀನು ಉಸಿರುಕಟ್ಟಿ ಸಾಯುತ್ತವೆ. ಅದೇ ಹಸಿವನ್ನು ಗಾಳಿಯಾಡದ ಮುಚ್ಚಿದ ತೊಟ್ಟಿಯಲ್ಲಿ ದುಡಿಸಿಕೊಂಡರೆ ಗೋಬರ್ ಗ್ಯಾಸಿನಂಥ ಅನಿಲ ಸಿಗುತ್ತದೆ. ಕಂದು ಬಣ್ಣ ಮಾತ್ರ ಬ್ಯಾಕ್ಟೀರಿಯಾಕ್ಕೂ ಸುಲಭವಾಗಿ ಜೀರ್ಣವಾಗದು.

ಹಳಬರಿಗೆ ಗ್ಯಾಮಕ್ಸಿನ್ ಪುಡಿ ನೆನಪಿರಬಹುದು. ಬಿ.ಎಚ್.ಸಿ. ಎಂಬ ಆ ವಿಷಕ್ಕೆ ಭಾರತದಲ್ಲಿ 1997ರಲ್ಲಿ ನಿಷೇಧ ಬಂತು, ಮಣ್ಣಿನಲ್ಲಿ ಅದರ ಉಳಿಕೆ ಅಷ್ಟು ಬೇಗ ಹೋಗಲಿಲ್ಲ. ಅದನ್ನು ಒಡೆದು ತಿನ್ನುವ ಬ್ಯಾಕ್ಟೀರಿಯಾವೊಂದನ್ನು ಭಾರತದಲ್ಲೇ, ಕಬ್ಬಿನ ಬೇರಿನ ಸುತ್ತಲಿನ ಮಣ್ಣಿನಿಂದ ಬೇರ್ಪಡಿಸಿದ್ದಾರೆ. ವಿಷ ಹಾಕಿದ ನೆಲದಲ್ಲೇ ಅದನ್ನು ಉಣ್ಣುವವರೂ ಹುಟ್ಟಿಕೊಂಡಿದ್ದರು.

ಎಲ್ಲ ಕೊಳೆಗೂ ಇದು ನಡೆಯುವುದಿಲ್ಲ. ತೈಲ, ಕೀಟನಾಶಕ ಒಡೆದು ಚೂರಾಗಬಲ್ಲ ವಸ್ತುಗಳು. ಸೀಸ, ಪಾದರಸ ಮೂಲಧಾತುಗಳು; ಅವುಗಳ ರೂಪ ಬದಲಿಸಬಹುದು, ಇಲ್ಲವಾಗಿಸಲಾಗದು. ಕಾಲುವೆ ನೀರು ಹೆಚ್ಚಾಗಿ ಸವಳಾದ ಎರೆಭೂಮಿಗೆ ಬೇಕಾದದ್ದು ಬಸಿಗಾಲುವೆ ಮತ್ತು ಜಿಪ್ಸಂ. ಅಲ್ಲಿ ಪೊಟ್ಟಣದ ಮೇಲೆ ಭಾರ ಹಾಕುವುದು ಬೇಡ.

ಪೊಟ್ಟಣ ಕೈಗೆ ಬಂದ ಮೇಲೆ

ಮೊದಲು ನೋಡಬೇಕಾದದ್ದು ಬೆಳೆಯ ಹೆಸರು ಮತ್ತು ಅವಧಿ ಮುಗಿಯುವ ದಿನಾಂಕ. ಸರ್ಕಾರದ ನಿಯಮದಂತೆ ಪುಡಿಯಾದರೆ ಗ್ರಾಂಗೆ ಕನಿಷ್ಠ 5 ಕೋಟಿ, ದ್ರವವಾದರೆ ಮಿಲಿಲೀಟರಿಗೆ 10 ಕೋಟಿ ಜೀವಂತ ಕೋಶಗಳು ಇರಬೇಕು. ಬಿಸಿಲಿಗೆ ನಿಲ್ಲಿಸಿದ ಬೈಕಿನ ಡಿಕ್ಕಿಯಲ್ಲಿ ಮಧ್ಯಾಹ್ನ ಕಳೆದ ಪೊಟ್ಟಣದಲ್ಲಿ ಅಷ್ಟು ಉಳಿದಿರುವ ಭರವಸೆ ಇಲ್ಲ. ಬೀಜೋಪಚಾರಕ್ಕೆ 10 ಕಿಲೋ ಬೀಜಕ್ಕೆ 200 ಗ್ರಾಂ ಎಂಬುದು ವಾಡಿಕೆಯ ಲೆಕ್ಕ. ಪೊಟ್ಟಣದ ಮೇಲೆ ಬೇರೆ ಬರೆದಿದ್ದರೆ ಅದೇ ಸರಿ. ಆರಿದ ಬೆಲ್ಲದ ನೀರಿನಲ್ಲಿ ಕಲಸಿ, ಬೀಜದ ಸಿಪ್ಪೆ ಸುಲಿಯದಂತೆ ಹಗುರಾಗಿ ಲೇಪಿಸಿ, ನೆರಳಿನಲ್ಲಿ ಒಣಗಿಸಿ, ಅದೇ ದಿನ ಕೂರಿಗೆಗೆ ಹಾಕಬೇಕು.

ಶಿಲೀಂಧ್ರನಾಶಕ, ಕೀಟನಾಶಕಗಳನ್ನೂ ಬೀಜಕ್ಕೆ ಹಚ್ಚುವುದಾದರೆ ಸರದಿ ಮುಖ್ಯ. ಕೃಷಿ ಓದಿದವರು ಇದನ್ನು ಎಫ್‌ಐಆರ್ ಎಂದು ನೆನಪಿಟ್ಟುಕೊಳ್ಳುತ್ತಾರೆ. ಪೊಲೀಸ್ ಠಾಣೆಯದ್ದಲ್ಲ: ಮೊದಲು ಫಂಗಿಸೈಡ್, ಆಮೇಲೆ ಇನ್‌ಸೆಕ್ಟಿಸೈಡ್, ಕೊನೆಗೆ ರೈಜೋಬಿಯಂ. ಸರದಿ ತಪ್ಪಿದರೆ ಹೆಪ್ಪಿನ ಮೇಲೆ ಕುದಿಯುವ ಹಾಲು ಸುರಿದಂತೆ.

ಬೇರಿನ ಗಂಟು ಪರೀಕ್ಷಿಸುವುದಿದ್ದರೆ ಹೂ ಬಿಡುವ ಹೊತ್ತಿಗೇ ಹೋಗಬೇಕು. ಎಳ್ಳಮಾವಾಸ್ಯೆಗೆ ಚರಗ ಚೆಲ್ಲಲು ಬಂದಾಗ ನೋಡಿದರಾಯಿತು ಎಂದುಕೊಂಡರೆ ತಡವಾಗುತ್ತದೆ. ಅಷ್ಟರಲ್ಲಿ ಕಡಲೆ ಕಾಯಿ ಕಟ್ಟಿ, ಗಿಡ ಸಕ್ಕರೆಯನ್ನೆಲ್ಲ ಕಾಳಿಗೆ ತಿರುಗಿಸಿರುತ್ತದೆ. ಗುಲಾಬಿ ಬಣ್ಣ ಕರಗಿ ಗಂಟು ಹಸಿರಾಗಿಯೋ ಕಂದಾಗಿಯೋ ಮುದುಡಿರುತ್ತದೆ. ಅದನ್ನು ಕಂಡು ಪೊಟ್ಟಣ ಕೊಟ್ಟವರನ್ನು ಬೈಯಬೇಕಿಲ್ಲ.